ಅರ್ಧಕೇಜಿಯವರು ಟೀವಿಯಲ್ಲಿ ಆಡಿದ್ದು

ತೂಕ ಮತ್ತು ಅಳತೆ ಕಚೇರಿಯ ಗುಮಾಸ್ತರೊಬ್ಬರನ್ನು ಅಪ್ಪ ಅಮ್ಮ ಇಟ್ಟ ಹೆಸರಿನಿಂದ ನೆನಪಿಟ್ಟುಕೊಂಡಿದ್ದುದು ಹಾಜರಿ ಪುಸ್ತಕ ಒಂದೇ. ಮಿಕ್ಕವರಿಗೆಲ್ಲ ಅವರು ಅರ್ಧಕೇಜಿ. ಐದಡಿ ಮೂರಂಗುಲದ ಎತ್ತರ, ಎತ್ತರಕ್ಕೆ ತಕ್ಕ ಮೈ, ಮೈಗೆ ತಕ್ಕ ದನಿ. ಕಚೇರಿಯ ಗಾಜಿನ ಕಪಾಟಿನಲ್ಲಿ ಸಾಲಾಗಿ ನಿಂತ ಹಿತ್ತಾಳೆ ಬಟ್ಟುಗಳಲ್ಲಿ ಅರ್ಧ ಕಿಲೋದ್ದು ಹೇಗೆ ಯಾರ ಕಣ್ಣಿಗೂ ಎದ್ದು ಕಾಣದೆ ದಿನಕ್ಕೆ ಹತ್ತು ಸಲ ಬೇಕಾಗುತ್ತಿತ್ತೋ, ಇವರೂ ಹಾಗೇ. ಹೆಸರಿಟ್ಟವನು ಕಚೇರಿಯ ಹಳೇ ಜವಾನ. ಹೆಸರು ಹೊತ್ತವರಿಗೆ ಅದರ ಬಗ್ಗೆ ದೂರಿರಲಿಲ್ಲ. ಪುಣ್ಯಾತ್ಮ ಕಾಲುಕೇಜಿ ಅನ್ನಲಿಲ್ಲವಲ್ಲ ಎಂದು ಒಳಗೊಳಗೇ ಸಮಾಧಾನವೂ ಇತ್ತು.

ಇಂಥ ಮನುಷ್ಯನ ಮನೆಗೆ ಒಂದು ದಿನ ವಿಡಿಯೋ ಗೇಮಿನ ಪೆಟ್ಟಿಗೆ ಬಂತು. ಹೆಂಡತಿಯ ತಮ್ಮನಿಗೆ ಬೇರೆ ಊರಿಗೆ ವರ್ಗವಾಗಿ, ಅಲ್ಲಿ ಇನ್ನೂ ಮನೆ ಸಿಕ್ಕಿರಲಿಲ್ಲ. ಹಾಸಿಗೆ, ಕುರ್ಚಿ, ಬಕೀಟುಗಳ ಜೊತೆ ಈ ಕಪ್ಪು ಪೆಟ್ಟಿಗೆಯನ್ನೂ ಅಕ್ಕನ ಮನೆಯಲ್ಲಿ ತಂದಿಟ್ಟ. ಹೊರಡುವಾಗ, ವಾರಕ್ಕೊಂದು ಸಲವಾದರೂ ಇದನ್ನು ಹಾಕಿ ನೋಡದಿದ್ದರೆ ಕೆಟ್ಟುಹೋಗುತ್ತದೆ ಭಾವ, ಎಂದು ಹೇಳಿ ಹೋದ. ಅರ್ಧಕೇಜಿಯವರು ಒಪ್ಪಿಸಿದ ಕೆಲಸ ಬಿಡುವವರಲ್ಲ. ಮೊದಲ ವಾರ ಒಂದು ಸಲ ಹಾಕಿದರು. ಎರಡನೇ ವಾರ, ಹೆಚ್ಚೇ ಕಾಳಜಿ ಮಾಡಿದರೆ ತಪ್ಪೇನು ಎಂದು ನಾಲ್ಕು ಸಲ ಹಾಕಿದರು. ತಿಂಗಳು ತುಂಬುವ ಹೊತ್ತಿಗೆ ಸಂಜೆ ಆರರಿಂದ ಎಂಟರವರೆಗೆ ಆ ಪೆಟ್ಟಿಗೆ ಕೆಡಲು ಯಾವ ಅವಕಾಶವೂ ಉಳಿದಿರಲಿಲ್ಲ.

ಪೆಟ್ಟಿಗೆಯಲ್ಲಿದ್ದುದು ಒಂದೇ ಆಟ, ಬ್ಯಾಸ್ಕೆಟ್‌ಬಾಲ್. ಮೊದಲು ನಿಮ್ಮದೇ ಒಬ್ಬ ಆಟಗಾರನನ್ನು ಮಾಡಿಕೊಳ್ಳಿ ಎಂದು ಅದು ಕೇಳಿತು. ಎತ್ತರ ಎಷ್ಟಿರಲಿ ಎಂದಿತು. ಹುಟ್ಟಿದಾಗಿನಿಂದ ಈ ಪ್ರಶ್ನೆಯನ್ನು ಯಾರೂ ಇಷ್ಟು ವಿನಯದಿಂದ ಅವರನ್ನು ಕೇಳಿರಲಿಲ್ಲ. ಅರ್ಧಕೇಜಿಯವರು ಉಸಿರು ಬಿಗಿಹಿಡಿದು ಆರಡಿ ಏಳು ಇಂಚು ಎಂದು ಒತ್ತಿದರು. ಹೆಸರು ಕೇಳಿದಾಗ ‘ಕ್ವಿಂಟಾಲ್’ ಎಂದು ಬರೆದರು.

ಕ್ವಿಂಟಾಲ್ ಕಟ್ಟುಮಸ್ತಾದ ಆಳು. ಆದರೆ ಆಟ ಬಾರದು. ನೂರಕ್ಕೆ ಅರವತ್ತು ಎಂದು ಅವನ ತಲೆಯ ಮೇಲೆ ಬರೆದಿತ್ತು. ಜಿಗಿತ ಅರವತ್ತು, ದೂರದ ಎಸೆತ ಐವತ್ತೆಂಟು, ಪಾಸು ಅರವತ್ತೆರಡು, ರಕ್ಷಣೆ ಎನ್ನುವುದಂತೂ ಐವತ್ತಕ್ಕೂ ಕಡಿಮೆ. ಪಂದ್ಯ ಆಡಿದರೆ ಪಾಯಿಂಟು ಸಿಗುತ್ತದೆ, ಆ ಪಾಯಿಂಟನ್ನು ಜಿಗಿತಕ್ಕೋ ಎಸೆತಕ್ಕೋ ಹಾಕಿದರೆ ಅದು ಏರುತ್ತದೆ. ಎಪ್ಪತ್ತರವರೆಗೆ ಸರಸರ ಏರುತ್ತದೆ. ಎಂಬತ್ತು ದಾಟಿದ ಮೇಲೆ ಒಂದೊಂದು ಮೆಟ್ಟಿಲಿಗೂ ಬೆವರು ಬಸಿಯಬೇಕು. ತಾನೇ ಚೆಂಡು ಹಿಡಿದುಕೊಂಡು ಮೆರೆಯುವವನಿಗೆ ಪಾಯಿಂಟು ಕಡಿಮೆ, ಜೊತೆಯವರಿಗೆ ಹಂಚುವವನಿಗೆ ಹೆಚ್ಚು. ಕಚೇರಿಯಲ್ಲಿ ಇಪ್ಪತ್ತೆರಡು ವರ್ಷ ದುಡಿದರೂ ಇಂಥ ನ್ಯಾಯವನ್ನು ಅರ್ಧಕೇಜಿಯವರು ಕಂಡಿರಲಿಲ್ಲ. ಇಲ್ಲಿ ಶ್ರಮ ಹಾಕಿದರೆ ಅಂಕಿ ಏರುತ್ತಿತ್ತು, ಅದೂ ಅದೇ ಸಂಜೆ, ಕಣ್ಣೆದುರಿಗೇ. ಅವರು ಕರಗಿಹೋದರು.

ಹೆಂಡತಿ ಹಾಲಿನ ಇನ್ನೊಂದು ಮೂಲೆಯಲ್ಲಿ ಹೊಲಿಗೆ ಯಂತ್ರದ ಮುಂದೆ ಕೂತು ಇಡೀ ಬೀದಿಗೆ ಬಟ್ಟೆ ಹೊಲಿಯುವವರು. ಮನುಷ್ಯ ಮನೆಯಲ್ಲೇ ಇದ್ದಾನೆ, ಮಾತಾಡುತ್ತಿಲ್ಲ, ಇದಕ್ಕಿಂತ ಇನ್ನೇನು ಬೇಕು ಎಂದು ಸುಮ್ಮನಿದ್ದರು. ಅತ್ತೆ ಮಾತ್ರ ಅಳಿಯನ ಪಕ್ಕದಲ್ಲೇ ಸೋಫಾ ಮೇಲೆ ಕೂತು ಮೊದಲಿಂದ ಕೊನೆಯವರೆಗೂ ನೋಡುತ್ತಿದ್ದರು. ಕ್ವಿಂಟಾಲ್ ಬಿದ್ದಾಗಲೆಲ್ಲ, ಆ ಹುಡುಗನಿಗೆ ಸರಿಯಾಗಿ ಊಟ ಹಾಕೋರಿಲ್ಲ ಅಂತ ಕಾಣುತ್ತೆ ಎಂದು ಮರುಗುತ್ತಿದ್ದರು.

ಅನಾಹುತ ಶುರುವಾದದ್ದು ಒಂದು ಸೋಮವಾರ ಬೆಳಿಗ್ಗೆ. ಭಾನುವಾರವಿಡೀ ದುಡಿದು ಕ್ವಿಂಟಾಲನ ಜಿಗಿತವನ್ನು ಎಂಬತ್ತೈದಕ್ಕೆ ಏರಿಸಿದ್ದ ಅರ್ಧಕೇಜಿಯವರಿಗೆ ಯಾರಿಗಾದರೂ ಹೇಳದಿದ್ದರೆ ಹೊಟ್ಟೆ ಉಬ್ಬುವಂತಾಗಿತ್ತು. ಟೀ ತಂದ ಜವಾನನಿಗೆ ಹೇಳಿದರು.

“ಜಿಗಿತ ಎಂಬತ್ತೈದಕ್ಕೆ ಬಂತು ಕಣಯ್ಯಾ.”

ಅದು ಅಳತೆಯ ಕಚೇರಿ. ಅಲ್ಲಿ ಏಕಮಾನವಿಲ್ಲದ ಅಂಕಿಗೆ ಮಾನವೇ ಇಲ್ಲ. ಜವಾನ ಸಹಜವಾಗಿಯೇ ಸೆಂಟಿಮೀಟರಾ ಸಾರ್ ಎಂದು ಕೇಳಿದ. ಅರ್ಧಕೇಜಿಯವರ ಬಾಯಲ್ಲಿ ಬಿಸಿ ಟೀ ಇತ್ತು. ತಲೆ ಆಡಿಸಿದರು. ಹೌದೆಂದೋ ಅಲ್ಲವೆಂದೋ ಅವರಿಗೇ ತಿಳಿಯದಂಥ ಆಡಿಸುವಿಕೆ. ಏನು ಆಟ ಸಾರ್ ಎಂದದ್ದಕ್ಕೆ ಬ್ಯಾಸ್ಕೆಟ್‌ಬಾಲ್ ಎಂದರು. ದಿನಾ ಆಡ್ತೀರಾ ಎಂದದ್ದಕ್ಕೆ ದಿನಾ ಎರಡು ಗಂಟೆ ಎಂದರು. ಹೇಳಿದ ಒಂದೊಂದು ಮಾತೂ ಸತ್ಯ. ಸೇರಿಸಿ ನೋಡಿದರೆ ಮಾತ್ರ ಶುದ್ಧ ಸುಳ್ಳು. ಅದನ್ನು ಬಿಡಿಸಿ ಹೇಳುವಷ್ಟರಲ್ಲಿ ಜವಾನ ಖಾಲಿ ಲೋಟಗಳೊಂದಿಗೆ ಮೇಡಂ ಕೋಣೆಗೆ ಹೋಗಿಯಾಗಿತ್ತು.

ಮೇಡಂ ಆ ಕಚೇರಿಗೆ ಬಂದು ಎರಡು ತಿಂಗಳಷ್ಟೇ ಆಗಿದ್ದ ಅಧಿಕಾರಿ. ಗಟ್ಟಿ ದನಿ, ನೇರ ನಡೆ. ಕಾಲೇಜಿನ ದಿನಗಳಲ್ಲಿ ಬ್ಯಾಸ್ಕೆಟ್‌ಬಾಲ್ ಆಡಿದ್ದವರು. ಅವರು ಬಂದ ದಿನದಿಂದ ಒಂದು ಅನ್ಯಾಯ ಅವರ ಎದೆಯಲ್ಲಿ ಕುದಿಯುತ್ತಿತ್ತು. ಅದು ನೆರಳಿನ ಅನ್ಯಾಯ.

ತೂಕದ ಕಚೇರಿಗೂ ಅಗ್ನಿಶಾಮಕ ಠಾಣೆಗೂ ಇದ್ದುದು ಒಂದೇ ಅಂಗಳ. ಅಂಗಳದಲ್ಲಿ ನೆರಳಿದ್ದುದು ಒಂದೇ ಮೂಲೆಯಲ್ಲಿ. ಯಾವುದೋ ಕಾಲದಲ್ಲಿ ಇಬ್ಬರು ಅಧಿಕಾರಿಗಳು ಜಗಳವಾಡಿ, ಕೊನೆಗೆ ವರ್ಷಕ್ಕೊಂದು ಬ್ಯಾಸ್ಕೆಟ್‌ಬಾಲ್ ಪಂದ್ಯ ಆಡೋಣ, ಗೆದ್ದವರ ಗಾಡಿಗಳು ವರ್ಷವಿಡೀ ನೆರಳಿನಲ್ಲಿ ನಿಲ್ಲಲಿ ಎಂದು ರಾಜಿಯಾಗಿದ್ದರು. ಆಮೇಲಿನ ಆರು ವರ್ಷ ತೂಕದವರು ಆಟಕ್ಕೆ ಇಳಿದೇ ಇರಲಿಲ್ಲ. ಏಣಿ ಹತ್ತಿ ಇಳಿದು ಮೈ ಬೆಳೆಸಿದ ಆಳುಗಳ ಎದುರು ಇಳಿಯುವ ಗುಂಡಿಗೆ ಯಾರಿಗಿದೆ? ಅವರ ಸ್ಕೂಟರುಗಳು ಬಿಸಿಲಲ್ಲಿ ಬೇಯುತ್ತಿದ್ದವು. ಸಂಜೆ ಐದಕ್ಕೆ ಕಚೇರಿ ಬಿಟ್ಟಾಗ ಸೀಟು ಕಾದ ಹೆಂಚಿನಂತಿರುತ್ತಿತ್ತು. ಮೊದಲ ತಿರುವಿನವರೆಗೂ ಎಲ್ಲರೂ ಸ್ಕೂಟರಿನ ಮೇಲೆ ಎದ್ದುನಿಂತೇ ಹೋಗುತ್ತಿದ್ದುದರಿಂದ, ಈ ಕಚೇರಿಯವರು ಬಹಳ ಶಿಸ್ತಿನವರು, ದಿನಾ ಏನೋ ಗೌರವ ಸಲ್ಲಿಸುತ್ತಾ ಹೋಗುತ್ತಾರೆ ಎಂದು ಎದುರಿನ ಅಂಗಡಿಯವರು ಭಾವಿಸಿದ್ದರು.

ಮೇಡಂ ಅರ್ಧಕೇಜಿಯವರನ್ನು ಕರೆಸಿದರು. ಅರ್ಧಕೇಜಿ ಎನ್ನುವುದು ಅವರ ಮನೆತನದ ಹೆಸರಿರಬೇಕೆಂದು ಮೇಡಂ ನಂಬಿದ್ದರು, ಆದ್ದರಿಂದ ತುಂಬ ಮರ್ಯಾದೆಯಿಂದಲೇ ಹಾಗೆ ಕರೆಯುತ್ತಿದ್ದರು. ಆಟದಲ್ಲಿ ನೀವು ಯಾವ ಜಾಗದಲ್ಲಿ ಆಡುತ್ತೀರಿ ಎಂದು ಕೇಳಿದರು. ಪಾಯಿಂಟ್ ಗಾರ್ಡ್ ಎಂದು ಬಾಯಿಗೆ ಬಂದುಬಿಟ್ಟಿತು, ಚೆಂಡನ್ನು ನಡೆಸಿ ಜೊತೆಯವರಿಗೆ ಹಂಚುವ ಆ ಜಾಗದಲ್ಲೇ ಕ್ವಿಂಟಾಲ್ ಆಡುತ್ತಿದ್ದುದು. ಮೇಡಂ ಅವರನ್ನು ಅಡಿಯಿಂದ ಮುಡಿಯವರೆಗೆ ನೋಡಿದರು, ಬಹಳ ಹೊತ್ತು ಹಿಡಿಯಲಿಲ್ಲ. ಗಿಡ್ಡಗಿದ್ದವರೇ ಆ ಜಾಗಕ್ಕೆ ಸರಿ, ನೀವೇ ನಾಯಕರು, ಇನ್ನು ಮೂರು ವಾರಕ್ಕೆ ಪಂದ್ಯ ಎಂದು ಹೇಳಿ ಕೈ ಕುಲುಕಿದರು.

ಅರ್ಧಕೇಜಿಯವರು ಹೊರಗೆ ಬಂದು ತಮ್ಮ ಮೇಜಿನ ಮುಂದೆ ಹದಿನೈದು ನಿಮಿಷ ಕೂತರು. ನಿಜ ಹೇಳಿಬಿಡುವುದೇ ವಾಸಿ ಎಂದು ತೀರ್ಮಾನಿಸಿ ಮತ್ತೆ ಒಳಗೆ ಹೋದರು.

“ಮೇಡಂ, ಒಂದು ವಿಷಯ ಮೊದಲೇ ಹೇಳ್ಬಿಡ್ಬೇಕು. ನಾನು ಮೈದಾನದಲ್ಲಿ ಆಡೋನಲ್ಲ. ನಾನು ಆಡೋದು ಟೀವಿಯಲ್ಲಿ.”

ಮೇಡಂ ಪೆನ್ನು ಕೆಳಗಿಟ್ಟರು. “ಟೀವಿಯಲ್ಲಾ? ಎಷ್ಟು ಹೊತ್ತಿಗೆ ಬರುತ್ತೆ?”

“ಸಾಯಂಕಾಲ ಆರರಿಂದ ಎಂಟು. ಭಾನುವಾರ ಬೆಳಿಗ್ಗೆನೂ ಇರುತ್ತೆ.”

“ಇಷ್ಟು ದೊಡ್ಡ ವಿಷಯಾನ ಇಷ್ಟು ಸಣ್ಣ ದನಿಯಲ್ಲಿ ಹೇಳ್ತಿದ್ದೀರಲ್ಲ.”

“ಅಲ್ಲ ಮೇಡಂ, ಅದರಲ್ಲಿ ಕಾಣೋನು ನಾನಲ್ಲ. ಅವನು ಆರಡಿ ಏಳು ಇಂಚು ಇದಾನೆ.”

“ಟೀವಿಯಲ್ಲಿ ಎಲ್ಲರೂ ಎತ್ತರವಾಗೇ ಕಾಣ್ತಾರೆ ಅರ್ಧಕೇಜಿಯವರೇ. ನಮ್ಮ ದೊಡ್ಡಪ್ಪ ಒಂದ್ಸಲ ಬಂದಿದ್ರು, ನಮಗೇ ಗುರುತು ಸಿಗಲಿಲ್ಲ.”

ಮೇಡಂ ಆಗಲೇ ಗಂಟೆ ಒತ್ತಿ ಜವಾನನನ್ನು ಕರೆದಾಗಿತ್ತು. ಸುದ್ದಿ ಇಡೀ ಕಚೇರಿಗೆ ಹರಡಲು ಹತ್ತು ನಿಮಿಷ ಸಾಕಾಯಿತು, ಗೋಡೆಯಾಚೆಯ ಅಗ್ನಿಶಾಮಕ ಠಾಣೆಗೆ ಇನ್ನೈದು. ಯಾವ ಚಾನೆಲ್ಲು ಎಂದು ಕೇಳಿದವರಿಗೆ ಜವಾನ, ಅದೆಲ್ಲ ನಮ್ಮ ನಿಮ್ಮ ಮನೆಗೆ ಬರೋದಲ್ಲ ಎಂದು ಗಂಭೀರವಾಗಿ ಉತ್ತರಿಸಿದ. ಅದೂ ಸತ್ಯವೇ ಆಗಿತ್ತು.

ಠಾಣಾಧಿಕಾರಿ ಸಾಹೇಬರು ಮೂವತ್ತು ವರ್ಷ ಬೆಂಕಿಯೊಂದಿಗೆ ಗುದ್ದಾಡಿದ ಮನುಷ್ಯ. ಸಣ್ಣ ಹೊಗೆಯನ್ನೂ ಕಡೆಗಣಿಸಬಾರದು ಎನ್ನುವುದು ಅವರ ವೃತ್ತಿಯ ಮೊದಲ ಪಾಠ. ಅವರು ಗೋಡೆಯಾಚೆಯಿಂದ ಅರ್ಧಕೇಜಿಯವರನ್ನು ಮೂರು ದಿನ ಗಮನಿಸಿದರು. ಈ ಮನುಷ್ಯ ಓಡುವುದಿಲ್ಲ, ಜಿಗಿಯುವುದಿಲ್ಲ, ಮೆಟ್ಟಿಲು ಹತ್ತುವಾಗಲೂ ಕಂಬಿ ಹಿಡಿದುಕೊಳ್ಳುತ್ತಾನೆ. ಇಷ್ಟು ಚೆನ್ನಾಗಿ ಮುಚ್ಚಿಡಬೇಕಾದರೆ ಒಳಗೆ ಎಷ್ಟಿರಬೇಕು ಎಂದು ಅವರಿಗೆ ದಿಗಿಲಾಯಿತು. ತಮ್ಮ ಆಳುಗಳಿಗೆ ಬೆಳಿಗ್ಗೆಯೂ ಸಂಜೆಯೂ ಅಭ್ಯಾಸ ಹಾಕಿಸಿದರು.

ಇತ್ತ ಅರ್ಧಕೇಜಿಯವರು ಪಾರಾಗುವ ದಾರಿ ಹುಡುಕುತ್ತಿದ್ದರು. ತಮ್ಮ ವೃತ್ತಿಯನ್ನೇ ನೆಚ್ಚಿಕೊಂಡರು. ಒಂದು ಬೆಳಿಗ್ಗೆ ಅಳತೆಪಟ್ಟಿ ಹಿಡಿದು ಅಂಗಳಕ್ಕೆ ಹೋಗಿ, ಸ್ಟೂಲು ಹತ್ತಿ, ಪೂರ್ವದ ಕಂಬದಲ್ಲಿ ಚೆಂಡು ಹಾಕುವ ಬಳೆ ನೆಲದಿಂದ ಹತ್ತಡಿ ಇರಬೇಕಾದದ್ದು ಹತ್ತಡಿ ಎರಡಿಂಚು ಇದೆ ಎಂದು ಪತ್ತೆ ಮಾಡಿದರು. ‘ಅಳತೆ ತಪ್ಪು, ಬಳಕೆಗೆ ಯೋಗ್ಯವಲ್ಲ’ ಎಂದು ಚೀಟಿ ಬರೆದು, ಕಂಬಕ್ಕೆ ದಾರ ಕಟ್ಟಿ, ಕೆಂಪು ಅರಗಿನ ಮುದ್ರೆ ಒತ್ತಿದರು. ಇದನ್ನು ಸರಿಪಡಿಸಲು ಅರ್ಜಿ, ಅರ್ಜಿಗೆ ಮಂಜೂರಾತಿ, ಮಂಜೂರಾತಿಗೆ ಇನ್ನೊಂದು ಅರ್ಜಿ ಎಂದು ಕಡಿಮೆಯೆಂದರೂ ಒಂದು ವರ್ಷ ಹಿಡಿಯುತ್ತದೆಂದು ಲೆಕ್ಕ ಹಾಕಿ ನೆಮ್ಮದಿಯಾಗಿ ಟೀ ಕುಡಿದರು.

ಆದರೆ ಎದುರಾಳಿಗಳು ಅಗ್ನಿಶಾಮಕದವರು, ಏಣಿ ಅವರ ಮನೆಯ ಸಾಮಾನು. ಹನ್ನೆರಡು ನಿಮಿಷದಲ್ಲಿ ಬಳೆ ಎರಡಿಂಚು ಕೆಳಗಿಳಿಯಿತು. ಠಾಣಾಧಿಕಾರಿ ತಾವೇ ಬಂದು ಟೋಪಿ ತೆಗೆದು ವಂದಿಸಿ, ಆರು ವರ್ಷದಿಂದ ದಿನಾ ಆಡುತ್ತಿದ್ದರೂ ನಮಗೆ ಗೊತ್ತಾಗಿರಲಿಲ್ಲ, ನೀವು ಬರೀ ನೋಡಿಯೇ ಹಿಡಿದಿರಿ ಎಂದರು. ಪಟ್ಟಿ ಹಿಡಿದು ಅಳೆದೆ ಎಂದು ಅರ್ಧಕೇಜಿಯವರು ಹೇಳಿದರೂ ಅವರು ಅದನ್ನು ವಿನಯವೆಂದೇ ತೆಗೆದುಕೊಂಡರು.

ಮೇಡಂ ತಂಡದ ಅಭ್ಯಾಸಕ್ಕೆ ಕರೆದಾಗ ಅರ್ಧಕೇಜಿಯವರು, ನನಗೆ ಮನೆಯಲ್ಲೇ ಅಭ್ಯಾಸ ಮೇಡಂ ಎಂದು ತಪ್ಪಿಸಿಕೊಂಡರು. ದೊಡ್ಡ ಆಟಗಾರರು ಹೀಗೇ ಎಂದುಕೊಂಡ ಮೇಡಂ, ‘ಅಭ್ಯಾಸದ ನಿಮಿತ್ತ’ ದಿನಾ ಒಂದು ಗಂಟೆ ಮುಂಚೆ ಮನೆಗೆ ಹೋಗಲು ಲಿಖಿತ ಅನುಮತಿ ಕೊಟ್ಟರು. ಕಷ್ಟದ ನಡುವೆಯೂ ಅರ್ಧಕೇಜಿಯವರಿಗೆ ರೋಮಾಂಚನವಾಯಿತು. ಸರ್ಕಾರದ ಮೊಹರಿನೊಂದಿಗೆ ವಿಡಿಯೋ ಗೇಮ್ ಆಡಿದ ಮೊದಲ ಗುಮಾಸ್ತ ತಾನೇ ಇರಬೇಕು ಅನ್ನಿಸಿತು. ಆ ಮೂರು ವಾರದಲ್ಲಿ ಕ್ವಿಂಟಾಲ್ ಯಾರ ಕೈಗೂ ಸಿಗದ ಎತ್ತರಕ್ಕೆ ಹೋದ. ಜಿಗಿತ ಎಂಬತ್ತೊಂಬತ್ತಾಯಿತು, ಪಾಸು ತೊಂಬತ್ತನಾಲ್ಕಾಯಿತು. ಅವನು ಒಂದೊಂದು ಮೆಟ್ಟಿಲು ಏರಿದಂತೆಲ್ಲ, ಆ ವಿದ್ಯೆ ತನಗೂ ಸ್ವಲ್ಪ ಅಂಟಿರಬಹುದೇನೋ ಎಂಬ ಆಸೆ ಅರ್ಧಕೇಜಿಯವರಿಗೆ ಹುಟ್ಟಿತು. ಒಂದು ಸಂಜೆ ಯಾರೂ ನೋಡದಾಗ ಅಡುಗೆಮನೆಯ ಬಾಗಿಲ ಚೌಕಟ್ಟನ್ನು ಮುಟ್ಟಲು ಜಿಗಿದರು. ಚೌಕಟ್ಟು ಎಲ್ಲಿತ್ತೋ ಅಲ್ಲೇ ಇತ್ತು, ಸೊಂಟ ಮಾತ್ರ ಜಾಗ ಬದಲಿಸಿತು.

ಸುದ್ದಿ ಹೆಂಡತಿಗೆ ತಲುಪಿದ್ದು ರವಿಕೆ ಹೊಲಿಸಲು ಬಂದ ಪಕ್ಕದ ಮನೆಯಾಕೆಯಿಂದ. ನಿಮ್ಮ ಯಜಮಾನರು ಟೀವಿಯಲ್ಲಿ ಆಡ್ತಾರಂತೆ, ಇಷ್ಟು ದಿನ ಒಂದು ಮಾತೂ ಹೇಳಲಿಲ್ಲವಲ್ಲ ಎಂದು ಆಕೆ ಮುನಿಸಿಕೊಂಡಿದ್ದಳು. ಹೆಂಡತಿಗೆ ಮೊದಲು ಅರ್ಥವಾಗಲಿಲ್ಲ. ಅರ್ಥವಾದ ಮೇಲೆ ಕಾಲು ಗಂಟೆ ನಕ್ಕರು. ನಗು ನಿಂತ ಮೇಲೆ, ಈ ಮನುಷ್ಯನನ್ನು ಅಷ್ಟು ಜನ ಸೇರಿ ತುಳಿದುಹಾಕಿದರೆ ಏನು ಗತಿ ಎಂದು ಗಾಬರಿಯಾಯಿತು. ಗಾಬರಿಯಾದಾಗ ಅವರ ಕೈ ತಾನಾಗಿ ಬಟ್ಟೆ ಕತ್ತರಿಸುತ್ತದೆ. ಅಂದು ಸಂಜೆಯೊಳಗೆ ನೀಲಿ ಬಟ್ಟೆಯ ಒಂದು ಆಟದ ಅಂಗಿ ಹೊಲಿದು, ಬೆನ್ನಿನ ಮೇಲೆ ಬಿಳಿ ನೂಲಿನಿಂದ ‘½’ ಎಂದು ದೊಡ್ಡದಾಗಿ ಕಸೂತಿ ಹಾಕಿ, ಗಂಡನ ಮುಂದೆ ಹಿಡಿದರು.

“ನೋಡಿ, ಇಳಿಯೋದಂತೂ ತಪ್ಪಲ್ಲ. ನಾನು ಹೇಳೋದು ಒಂದೇ ಮಾತು. ಚೆಂಡು ಕೈಗೆ ಬಂದ್ರೆ ಬಿಸಿ ಪಾತ್ರೆ ಹಿಡಿದ ಹಾಗೆ ಅಂದ್ಕೊಳ್ಳಿ. ಪಕ್ಕದಲ್ಲಿರೋರಿಗೆ ದಾಟಿಸ್ಬಿಡಿ.”

ಮೂರು ವಾರದಲ್ಲಿ ಅವರಿಗೆ ಸಿಕ್ಕ ತರಬೇತಿ ಅದೊಂದೇ.

ಪಂದ್ಯದ ದಿನ ಸಂಜೆ ನಾಲ್ಕೂವರೆಗೆ ಅಂಗಳ ತುಂಬಿತ್ತು. ಎರಡೂ ಕಚೇರಿಯವರು, ಅವರ ಮನೆಯವರು, ಎದುರಿನ ಅಂಗಡಿಯವರು, ಟೀವಿಯ ಆಟಗಾರನನ್ನು ನೋಡಲು ಬಂದ ಇಡೀ ಬೀದಿ. ಅತ್ತೆಗೆ ವಯಸ್ಸಿನ ಗೌರವದಿಂದ ಠಾಣಾಧಿಕಾರಿ ತಮ್ಮ ಪಕ್ಕದಲ್ಲೇ ಕುರ್ಚಿ ಹಾಕಿಸಿದ್ದರು. ಅಂಚೆ ಕಚೇರಿಯ ಪೋಸ್ಟ್‌ಮಾಸ್ಟರು ಸೀಟಿ ಕಟ್ಟಿಕೊಂಡು ರೆಫರಿಯಾಗಿ ನಿಂತಿದ್ದರು. ತೂಕದ ತಂಡದಲ್ಲಿ ಮೇಡಂ, ಅರ್ಧಕೇಜಿ, ಮುದ್ರೆ ಒತ್ತುವ ಮೇಸ್ತ್ರಿ, ಜವಾನ ಮತ್ತು ಜಾಗ ತುಂಬಲು ಒಬ್ಬ ದಪ್ಪಗಿನ ಲೆಕ್ಕಿಗ. ಅರ್ಧಕೇಜಿಯವರು ಹುಟ್ಟಿ ಮೊದಲ ಸಲ ನಿಜವಾದ ಚೆಂಡನ್ನು ಕೈಯಲ್ಲಿ ಹಿಡಿದರು. ಆರುನೂರು ಗ್ರಾಮಿಗೆ ಸ್ವಲ್ಪ ಮೇಲೆ ಎಂದು ಕೈ ತಾನಾಗಿ ತೂಗಿತು. ಬೇರೆ ಯಾವ ವಿದ್ಯೆಯೂ ಕೈಯಿಂದ ಹೊರಡಲಿಲ್ಲ.

ಸೀಟಿ ಮೊಳಗಿತು. ಅರ್ಧಕೇಜಿಯವರು ಪಕ್ಕಕ್ಕೆ ಎರಡು ಹೆಜ್ಜೆ ಇಟ್ಟರು. ಬಾಗಿಲಗಲದ ಮೂವರು ಅಗ್ನಿಶಾಮಕದವರು ಅವರ ಜೊತೆಗೇ ಎರಡು ಹೆಜ್ಜೆ ಇಟ್ಟರು.

ಠಾಣಾಧಿಕಾರಿಯ ಯೋಜನೆ ಸರಳವಾಗಿತ್ತು. ಟೀವಿಯ ಆಟಗಾರನೊಬ್ಬನನ್ನು ಹಿಡಿದುಹಾಕಿದರೆ ಮಿಕ್ಕವರು ಬರೀ ತೂಕದವರು. ಅದಕ್ಕೆ ಐವರಲ್ಲಿ ಮೂವರನ್ನು ನೇಮಿಸಿ, ಏನಾದರೂ ಆಗಲಿ, ಇವರನ್ನು ಬಿಟ್ಟು ಕದಲಬೇಡಿ ಎಂದು ಆಜ್ಞೆ ಮಾಡಿದ್ದರು. ಅವರು ಆಜ್ಞೆ ಪಾಲಿಸುವುದರಲ್ಲಿ ನುರಿತವರು. ಅರ್ಧಕೇಜಿಯವರು ಹೆದರಿ ಎಡಕ್ಕೆ ಓಡಿದರೆ ಮೂವರೂ ಎಡಕ್ಕೆ. ಬಲಕ್ಕೆ ಓಡಿದರೆ ಮೂವರೂ ಬಲಕ್ಕೆ. ಬೂಟಿನ ಲಾಡಿ ಬಿಚ್ಚಿತೆಂದು ಕೂತರೆ ಮೂವರೂ ಸುತ್ತ ನಿಂತು, ತೋಳು ಚಾಚಿ ಕಾವಲು ಕಾದರು. ನೀರು ಕುಡಿಯಲು ಗೆರೆಯಾಚೆ ಹೋದಾಗ ಮೂವರೂ ನಲ್ಲಿಯವರೆಗೆ ಬಂದರು. ಒಬ್ಬ ಲೋಟವನ್ನೂ ತುಂಬಿಸಿಕೊಟ್ಟ.

ಅತ್ತ ಮೈದಾನದ ಇನ್ನೊಂದು ತುದಿಯಲ್ಲಿ ಮೇಡಂ ಎದುರು ಯಾರೂ ಇರಲಿಲ್ಲ. ಅವರು ಅಚ್ಚರಿಯಿಂದ ಆಚೀಚೆ ನೋಡಿ, ಚೆಂಡನ್ನು ಬಳೆಗೆ ಹಾಕಿದರು. ಮತ್ತೆ ಹಾಕಿದರು. ಇಪ್ಪತ್ತು ವರ್ಷದ ಹಿಂದಿನ ಕೈ ಮರಳಿ ಬಂತು. ಆಟ ಅರ್ಧವಾದಾಗ ತೂಕದವರು ಹದಿನಾಲ್ಕು, ಅಗ್ನಿಶಾಮಕ ಹನ್ನೆರಡು. ಅರ್ಧಕೇಜಿಯವರು ಚೆಂಡನ್ನು ಒಂದು ಸಲವೂ ಮುಟ್ಟಿರಲಿಲ್ಲ, ಆದರೆ ಬೆವರಿನಲ್ಲಿ ಎಲ್ಲರಿಗಿಂತ ಮುಂದಿದ್ದರು.

ವಿರಾಮದಲ್ಲಿ ಠಾಣಾಧಿಕಾರಿ ತಲೆ ಕೆರೆದುಕೊಳ್ಳುತ್ತಾ ಪಕ್ಕದ ಕುರ್ಚಿಯ ಕಡೆ ಬಾಗಿದರು.

“ಅಮ್ಮಾ, ನಿಮ್ಮ ಅಳಿಯಂದ್ರು ಮನೇಲಿ ಹೇಗೆ ಅಭ್ಯಾಸ ಮಾಡ್ತಾರೆ?”

ಅತ್ತೆ ಜೀವಮಾನದಲ್ಲಿ ಸುಳ್ಳು ಹೇಳಿದವರಲ್ಲ. “ಅವರು ಕೂತ್ಕೊಂಡೇ ಆಡೋದಪ್ಪ. ಬೆನ್ನಿಗೊಂದು ದಿಂಬು ಕೊಟ್ಕೊಂಡು.”

“ಕೂತ್ಕೊಂಡಾ? ಕೂತಲ್ಲಿಂದ ಚೆಂಡು ಬೀಳುತ್ತಾ?”

“ಹತ್ತಕ್ಕೆ ಎಂಟು ಬೀಳುತ್ತೆ. ಒಂದೊಂದ್ಸಲ ಟೀ ಕುಡೀತಾ ಹಾಕ್ತಾರೆ, ಆಗ ಒಂದೆರಡು ತಪ್ಪುತ್ತೆ.”

ಠಾಣಾಧಿಕಾರಿಯ ಮುಖದ ಬಣ್ಣ ಇಳಿಯಿತು. ನಿಂತು ಹಾಕುವವರನ್ನು ಅವರು ಕಂಡಿದ್ದರು, ಜಿಗಿದು ಹಾಕುವವರನ್ನೂ ಕಂಡಿದ್ದರು. ಕೂತು ಹಾಕುವವನು ಇನ್ನೂ ನಿಂತೇ ಇದ್ದಾನೆಂದರೆ ನಿಜವಾದ ಆಟ ಶುರುವೇ ಆಗಿಲ್ಲ ಎಂದರ್ಥ. ಅವರು ನಾಲ್ಕನೆಯ ಆಳನ್ನೂ ಅರ್ಧಕೇಜಿಯವರ ಮೇಲೆ ಬಿಟ್ಟರು. ಏನೇ ಆದರೂ ಈ ಮನುಷ್ಯ ಕೂರದ ಹಾಗೆ ನೋಡಿಕೊಳ್ಳಿ ಎಂದು ತಾಕೀತು ಮಾಡಿದರು.

ದ್ವಿತೀಯಾರ್ಧ ವಿಚಿತ್ರವಾಗಿತ್ತು. ಒಂದು ಮೂಲೆಯಲ್ಲಿ ನಾಲ್ವರು ದೈತ್ಯರ ನಡುವೆ ನೀಲಿ ಅಂಗಿಯೊಂದು ಆಗೀಗ ಮಿಂಚಿ ಮಾಯವಾಗುತ್ತಿತ್ತು. ಮಿಕ್ಕ ಮೈದಾನದಲ್ಲಿ ಮೇಡಂ ಮತ್ತು ಮೂವರು ಒಂದು ಕಡೆ, ಅಗ್ನಿಶಾಮಕದ ಒಬ್ಬನೇ ಒಬ್ಬ ಇನ್ನೊಂದು ಕಡೆ. ಆದರೆ ಆ ಒಬ್ಬ ಸುಮ್ಮನೆ ಆಳಲ್ಲ, ಎಂಟು ಜನರ ಕೆಲಸ ಮಾಡಿದ. ಲೆಕ್ಕಿಗ ಚೆಂಡು ಬಂದಾಗಲೆಲ್ಲ ಕಣ್ಣು ಮುಚ್ಚಿಕೊಳ್ಳುತ್ತಿದ್ದ. ಜವಾನನಿಗೆ ಯಾವ ಬಳೆ ನಮ್ಮದು ಎನ್ನುವುದರಲ್ಲಿ ಎರಡು ಸಲ ಗೊಂದಲವಾಗಿ, ಒಮ್ಮೆ ಎದುರಾಳಿಗಳಿಗೆ ಎರಡು ಪಾಯಿಂಟು ಉಡುಗೊರೆಯಾಗಿ ಹೋಯಿತು. ಮೇಡಂ ದಣಿದರು. ಪೋಸ್ಟ್‌ಮಾಸ್ಟರು ಗಡಿಯಾರ ನೋಡಿಕೊಂಡು ಇನ್ನು ಅರ್ಧ ನಿಮಿಷ ಎಂದಾಗ ಎರಡೂ ಕಡೆ ಇಪ್ಪತ್ತೆರಡು.

ಆಗ ಮೇಸ್ತ್ರಿಯ ಕೈಯಿಂದ ಜಾರಿದ ಚೆಂಡು ಉರುಳುತ್ತಾ ಉರುಳುತ್ತಾ ಆ ನಾಲ್ವರ ಕಾಲುಗಳ ನಡುವೆ ನುಸುಳಿ, ಬಂದು ಅರ್ಧಕೇಜಿಯವರ ಪಾದಕ್ಕೆ ತಾಗಿ ನಿಂತಿತು.

ಅವರು ಎತ್ತಿಕೊಂಡರು. ಸುತ್ತಲೂ ಬರೀ ಎದೆಗಳು, ಆಕಾಶ ಒಂದು ಅಂಗೈಯಗಲ ಕಾಣುತ್ತಿತ್ತು. ಮನೆಯಲ್ಲಾಗಿದ್ದರೆ ಯಾವ ಗುಂಡಿ ಒತ್ತಬೇಕೆಂದು ಅವರಿಗೆ ಚೆನ್ನಾಗಿ ಗೊತ್ತಿತ್ತು. ಹೆಬ್ಬೆರಳು ಚೆಂಡಿನ ಮೇಲೆ ಎರಡು ಸಲ ಒತ್ತಿಯೂ ನೋಡಿತು. ಏನೂ ಆಗಲಿಲ್ಲ. ನಲವತ್ತು ನಿಮಿಷದಿಂದ ಕಾವಲಿನ ನಡುವೆ ಓಡಿದ ಕಾಲುಗಳು ಆ ಕ್ಷಣ ಕೆಲಸಕ್ಕೆ ರಾಜೀನಾಮೆ ಕೊಟ್ಟವು. ಅರ್ಧಕೇಜಿಯವರು ಚೆಂಡಿನ ಸಮೇತ ನೆಲದ ಮೇಲೆ ದೊಪ್ಪನೆ ಕೂತುಬಿಟ್ಟರು.

“ಕೂತ್ರು,” ಎಂದು ಠಾಣಾಧಿಕಾರಿ ಕುರ್ಚಿಯಿಂದ ಎದ್ದು ಕೂಗಿದರು. “ಜಿಗೀರ್ರೋ, ಎಲ್ಲಾರೂ ಜಿಗೀರಿ.”

ನಾಲ್ವರೂ ಒಟ್ಟಿಗೆ ಆಕಾಶಕ್ಕೆ ಹಾರಿದರು. ಎಂಟು ಕೈ ಮೇಲೆ, ಎಂಟು ಬೂಟು ನೆಲದಿಂದ ಒಂದೂವರೆ ಅಡಿ ಎತ್ತರ. ಆ ಬೂಟುಗಳ ಕೆಳಗೆ, ಇದ್ದಕ್ಕಿದ್ದಂತೆ ಬಯಲಾದ ಜಾಗದಲ್ಲಿ, ದೂರದಲ್ಲಿ ಮೇಡಂ ಒಬ್ಬರೇ ನಿಂತಿರುವುದು ಅರ್ಧಕೇಜಿಯವರಿಗೆ ಕಂಡಿತು. ಬಿಸಿ ಪಾತ್ರೆ ಎಂಬುದೊಂದೇ ನೆನಪಾಯಿತು. ಎರಡೂ ಕೈಯಿಂದ ಚೆಂಡನ್ನು ನೆಲದ ಮೇಲೆ ತಳ್ಳಿದರು. ಅದು ಎಂಟು ಬೂಟುಗಳ ಕೆಳಗೆ ಹಾಯ್ದು ನೇರ ಮೇಡಂ ಕೈಗೆ ಹೋಯಿತು. ಮೇಡಂ ಎಸೆದರು. ಬಳೆ ಒಂದು ಸುತ್ತು ಯೋಚಿಸಿ ಒಪ್ಪಿಕೊಂಡಿತು. ಸೀಟಿ ಮೊಳಗಿತು.

ಆಮೇಲೆ ಆದದ್ದನ್ನು ಅರ್ಧಕೇಜಿಯವರು ಸರಿಯಾಗಿ ನೋಡಲಿಲ್ಲ, ಏಕೆಂದರೆ ನಾಲ್ವರೂ ಕೆಳಗಿಳಿದದ್ದು ಅವರ ಮೇಲೆಯೇ. ಎತ್ತಿ ನಿಲ್ಲಿಸಿದಾಗ ಸ್ಕೂಟರುಗಳನ್ನು ನೆರಳಿಗೆ ತಳ್ಳುವ ಸಂಭ್ರಮ ಶುರುವಾಗಿತ್ತು. ಹೆಂಡತಿ ಓಡಿಬಂದು ಮೊದಲು ಗಂಡನ ಕೈಕಾಲು ಮುಟ್ಟಿ ನೋಡಿ, ಆಮೇಲೆ ಅಂಗಿಯ ಹೊಲಿಗೆ ಬಿಟ್ಟಿದೆಯೇ ಎಂದು ನೋಡಿದರು. ಎರಡೂ ಗಟ್ಟಿಯಾಗಿದ್ದವು. ಇನ್ನು ಮುಂದೆ ಇವರನ್ನು ಒಂದು ಕೇಜಿ ಎಂದು ಕರೆಯತಕ್ಕದ್ದು ಎಂದು ಜವಾನ ಅಲ್ಲೇ ಸಾರಿದ. ಆದರೆ ಮರುದಿನ ಬೆಳಿಗ್ಗೆ ಟೀ ತರುವಾಗ ಅವನ ನಾಲಿಗೆಯೇ ಹೊರಳಲಿಲ್ಲ.

ಗೆದ್ದರೂ ಅರ್ಧಕೇಜಿಯವರಿಗೆ ಎದೆಯಲ್ಲಿ ಮುಳ್ಳು. ಮೇಡಂಗೆ ಮತ್ತೆ ಎರಡು ಸಲ ಹೇಳಹೋದರು. ಮೊದಲ ಸಲ ‘ಮೇಡಂ, ನನಗೆ ಆಟ ಬರೋದಿಲ್ಲ’ ಎಂದದ್ದಕ್ಕೆ ಅವರು ಕಣ್ಣಲ್ಲಿ ನೀರು ತಂದುಕೊಂಡು, ಆಟ ಬಾರದವರು ಯಾರೂ ಹೀಗೆ ಹೇಳುವುದಿಲ್ಲ ಎಂದರು. ಎರಡನೇ ಸಲ ಪೂರ್ತಿ ಕೇಳುವ ಮೊದಲೇ ದೂರವಾಣಿ ಬಂತು. ಸೋಮವಾರ ಎಲ್ಲವನ್ನೂ ಕಾಗದದ ಮೇಲೆ ಬರೆದು ಕೊಟ್ಟುಬಿಡುವುದೆಂದು ಅವರು ನಿಶ್ಚಯಿಸಿದರು.

ಆ ಭಾನುವಾರ ಬೆಳಿಗ್ಗೆ ಹತ್ತು ಗಂಟೆಗೆ ಠಾಣಾಧಿಕಾರಿ ಸಾಹೇಬರು ಒಬ್ಬರೇ, ಸಾದಾ ಬಟ್ಟೆಯಲ್ಲಿ, ಕೈಯಲ್ಲೊಂದು ನೋಟ್‌ಬುಕ್ ಹಿಡಿದು ಬಂದು ಬಾಗಿಲು ತಟ್ಟಿದರು. ಕೂತು ಚೆಂಡು ಹಾಕುವುದನ್ನು ಗುಟ್ಟಾಗಿ ಕಲಿಯಬೇಕೆಂದು ಬಂದಿದ್ದರು. ಬಾಗಿಲು ತೆಗೆದ ಅತ್ತೆ, ಬನ್ನಿ, ಈಗ ಆಡುತ್ತಾ ಇದ್ದಾರೆ ಎಂದು ನೇರ ಹಾಲಿಗೇ ಕರೆದುಕೊಂಡು ಬಂದರು.

ಸೋಫಾ ಮೇಲೆ ಬೆನ್ನಿಗೆ ದಿಂಬು ಕೊಟ್ಟು ಅರ್ಧಕೇಜಿಯವರು ಕೂತಿದ್ದರು. ಟೀವಿಯಲ್ಲಿ ಕ್ವಿಂಟಾಲ್ ಆಕಾಶಕ್ಕೆ ನೆಗೆದು ಚೆಂಡನ್ನು ಬಳೆಯೊಳಗೆ ತುರುಕಿ ನೇತಾಡುತ್ತಿದ್ದ. ಠಾಣಾಧಿಕಾರಿ ಟೀವಿ ನೋಡಿದರು. ಅರ್ಧಕೇಜಿಯವರ ಹೆಬ್ಬೆರಳು ನೋಡಿದರು. ಮತ್ತೆ ಟೀವಿ ನೋಡಿದರು. ಹೊಲಿಗೆ ಯಂತ್ರದ ಸದ್ದು ನಿಂತಿತು.

ಅರ್ಧಕೇಜಿಯವರು ಎದ್ದುನಿಂತು, ಜಿಗಿತ ಎಂಬತ್ತೈದರಿಂದ ಹಿಡಿದು ಬಿಸಿ ಪಾತ್ರೆಯವರೆಗೆ ಒಂದೇ ಉಸಿರಿನಲ್ಲಿ ಒಪ್ಪಿಸಿಬಿಟ್ಟರು. ಒಂದು ತಿಂಗಳಲ್ಲಿ ಮೊದಲ ಸಲ ಅವರ ಮಾತನ್ನು ಒಬ್ಬರು ಕೊನೆಯವರೆಗೂ ಕೇಳಿದರು, ಮೊದಲ ಸಲ ಅದು ಹೇಳಿದ ಹಾಗೇ ಅರ್ಥವೂ ಆಯಿತು. ಅವರಿಗೆ ಮೈ ಹಗುರಾಯಿತು.

ಠಾಣಾಧಿಕಾರಿ ಮೆಲ್ಲನೆ ಸೋಫಾದ ತುದಿಯಲ್ಲಿ ಕೂತರು. ಇದು ಇನ್ನು ಯಾರಿಗೆ ಗೊತ್ತು ಎಂದು ಕೇಳಿದರು. ಮನೆಯವರನ್ನು ಬಿಟ್ಟರೆ ಯಾರಿಗೂ ಗೊತ್ತಿಲ್ಲ, ನಾಳೆ ಮೇಡಂಗೆ ಬರೆದುಕೊಡುತ್ತೇನೆ ಎಂದರು ಅರ್ಧಕೇಜಿ.

“ಬರೀಕೂಡದು,” ಎಂದರು ಠಾಣಾಧಿಕಾರಿ. “ಟೀವಿ ಆಟಗಾರನ ಕೈಲಿ ಸೋತ್ವಿ, ಅದೂ ಎರಡೇ ಪಾಯಿಂಟಲ್ಲಿ, ಅಂತ ಮೇಲಿನೋರಿಗೆ ವರದಿ ಹೋಗಿದೆ. ನಾಲ್ಕು ಜನರನ್ನ ಹಾಕಿದ್ದು ಒಳ್ಳೆ ಯೋಜನೆ ಅಂತ ಅಲ್ಲಿಂದ ಶಹಬ್ಬಾಸ್‌ಗಿರಿನೂ ಬಂದಿದೆ. ನೀವು ಈಗ ನಿಜ ಹೇಳಿದ್ರೆ ನಾನು ಈ ಊರಲ್ಲಿ ಹೇಗೆ ಬೆಂಕಿ ಆರಿಸ್ಲಿ?”

ಅರ್ಧಕೇಜಿಯವರು ಯೋಚಿಸಿದರು. ಇಷ್ಟು ದಿನ ನಿಜ ಹೇಳಹೋದರೆ ಯಾರೂ ನಂಬುತ್ತಿರಲಿಲ್ಲ. ಈಗ ನಂಬಿದ ಒಬ್ಬರು ಹೇಳಬೇಡಿ ಎಂದು ಕೈ ಮುಗಿಯುತ್ತಿದ್ದರು. ಆಗಲಿ ಎಂದರು. ಅತ್ತೆ ಇಬ್ಬರಿಗೂ ಟೀ ತಂದಿಟ್ಟರು. ಹೊಲಿಗೆ ಯಂತ್ರ ಮತ್ತೆ ಶುರುವಾಯಿತು.

ಲೋಟ ಖಾಲಿಯಾದರೂ ಠಾಣಾಧಿಕಾರಿ ಏಳಲಿಲ್ಲ. ಸುಮ್ಮನೆ ಒಂದು ಸಲ ಹಿಡಿದು ನೋಡಲೇ ಎಂದರು. ಅರ್ಧ ಗಂಟೆಯಲ್ಲಿ ಅವರದೇ ಒಬ್ಬ ಆಟಗಾರ ಹುಟ್ಟಿ, ಒಂದು ಪಂದ್ಯ ಆಡಿ, ಹೀನಾಯವಾಗಿ ಸೋತು, ಮೂರು ಪಾಯಿಂಟು ಗಳಿಸಿದ್ದ. ಅಷ್ಟರಲ್ಲಿ ಜೇಬಿನ ಫೋನು ಹೊಡೆದುಕೊಂಡಿತು. ಯಾರದೋ ಬೆಕ್ಕು ಮರ ಹತ್ತಿ ಇಳಿಯಲಾರದೆ ಕೂತಿದೆಯಂತೆ. ಏಣಿ ತಗೊಂಡು ನೀವೇ ಹೋಗಿ ಬನ್ನಿ, ನಾನು ತರಬೇತಿಯಲ್ಲಿದ್ದೇನೆ ಎಂದು ಹೇಳಿ ಫೋನಿಟ್ಟರು.

“ಈ ಮೂರು ಪಾಯಿಂಟ್ ಎಲ್ಲಿಗೆ ಹಾಕ್ಲಿ?”

“ಜಿಗಿತಕ್ಕೆ ಹಾಕಿ ಸಾರ್. ಮೊದಲು ಎಲ್ಲರೂ ಅದಕ್ಕೇ ಹಾಕೋದು.”

ಠಾಣಾಧಿಕಾರಿ ದನಿ ತಗ್ಗಿಸಿ ಕೇಳಿದರು.

“ಒಬ್ಬನ್ನ ಒಬ್ಬನೇ ಹಿಡಿಯೋದು ಹೇಗೆ ಅಂತ ಇದರಲ್ಲಿ ಏನಾದ್ರೂ ಇದೆಯಾ?”

ಇದೆ ಸಾರ್, ರಕ್ಷಣೆ ಅಂತ, ಎಂದರು ಅರ್ಧಕೇಜಿ. ಸಾಹೇಬರು ಮೂರನ್ನೂ ಅದಕ್ಕೇ ಹಾಕಿದರು.